ಗಲ್ಲದ ಮೇಲಿನ ಬೆರಳು

"ಅಜ್ಜಾರ, ನನ್ನ ತಂಗಿ ನನ್ನ ಕೂಡ ಮಾತು ಬಿಟ್ಟು ಆರು ವರ್ಷ ಆತ್ರಿ. ನಿಮ್ಮ ಮಾತು ಆಕಿ ಎಂದೂ ತಗದು ಹಾಕಂಗಿಲ್ಲ. ನನ್ನ ಪರವಾಗಿ ನೀವ ಒಂದು ಫೋನ್ ಮಾಡಿ ಹೇಳಿದ್ರ ಸಾಕಾಗಂಗಿಲ್ಲೇನ್ರಿ?"

ಕೇಳಿದವನು ರಾಚಪ್ಪ, ಹನ್ನೊಂದು ವರ್ಷದಿಂದ ಮಠದಲ್ಲಿ ಗುರುಗಳ ಬಳಿ ಇದ್ದ ಶಿಷ್ಯ. ತಾಯಿ ತೀರಿಕೊಂಡಾಗ ತಂಗಿ ಬಂದು ಮುಟ್ಟುವ ಮೊದಲೇ ಅವನು ಮಣ್ಣು ಮಾಡಿ ಮುಗಿಸಿಬಿಟ್ಟಿದ್ದ. ತಾಯಿಯ ಮುಖ ಕೊನೆಯ ಸಲ ನೋಡಲಾಗದ ತಂಗಿ ಅಂದಿನಿಂದ ಅಣ್ಣನ ಮುಖವನ್ನೂ ನೋಡಿರಲಿಲ್ಲ. ತಪ್ಪು ತನ್ನದೆಂದು ರಾಚಪ್ಪನಿಗೆ ಗೊತ್ತಿತ್ತು. ಅದನ್ನು ಅವಳೆದುರು ಹೇಳುವ ಧೈರ್ಯ ಮಾತ್ರ ಇರಲಿಲ್ಲ. ಅವಳ ನಂಬರನ್ನು ಒಂದು ಚೀಟಿಯಲ್ಲಿ ಬರೆದು ತಂದು ಗುರುಗಳ ಮುಂದೆ ಇಟ್ಟ.

ಗುರುಗಳು ಚೀಟಿಯನ್ನು ನೋಡಿದರು, ಮುಟ್ಟಲಿಲ್ಲ. "ಕುಂದರು" ಎಂದು ಹೇಳಿ ಕತೆ ಶುರುಮಾಡಿದರು.

ಒಂದು ಊರಿನಲ್ಲಿ ಒಬ್ಬ ದರ್ಜಿ ಇದ್ದ. ಹುಟ್ಟಿನಿಂದಲೇ ಅವನಿಗೆ ಕಿವಿ ಕೇಳಿಸುತ್ತಿರಲಿಲ್ಲ. ಹೆಂಡತಿಗೂ ಅಷ್ಟೇ. ಇಬ್ಬರೂ ಕೈಯಲ್ಲಿ ಮಾತಾಡುತ್ತಿದ್ದರು. ಬೀದಿಯಲ್ಲಿ ಹೋಗುವವರಿಗೆ ಅದು ಸದ್ದಿಲ್ಲದ ಮನೆ, ಒಳಗೆ ಕಾಲಿಟ್ಟರೆ ಸಂತೆ. ಸಾರಿಗೆ ಉಪ್ಪು ಕಡಿಮೆಯಾದದ್ದು, ಗಿರಾಕಿಯ ಕುಪ್ಪಸ ಬಿಗಿಯಾದದ್ದು, ಪಕ್ಕದ ಮನೆಯವರ ಸಮಾಚಾರ, ಎಲ್ಲವೂ ಬೆರಳ ತುದಿಯಲ್ಲಿ ನಡೆಯುತ್ತಿತ್ತು. ಹೆಂಡತಿಯ ಎಡಗಲ್ಲದ ಮೇಲೆ ಒಂದು ಮಚ್ಚೆ ಇತ್ತು. ದರ್ಜಿ ತನ್ನ ಗಲ್ಲದ ಮೇಲೆ ತೋರುಬೆರಳು ಇಟ್ಟನೆಂದರೆ ಅವಳ ಹೆಸರು ಹಿಡಿದು ಕರೆದ ಎಂದರ್ಥ. ಲೋಕದಲ್ಲಿ ಆ ಹೆಸರಿನಿಂದ ಅವಳನ್ನು ಕರೆಯುವವನು ಅವನೊಬ್ಬನೇ.

ಜಗಳ ಯಾರ ಮನೆಯಲ್ಲಿ ಇಲ್ಲ? ಆದರೆ ಕೈಯಲ್ಲಿ ಮಾತಾಡುವವರ ಜಗಳ ಬೇರೆ. ನಾವು ಸಿಟ್ಟಿನಿಂದ ಮುಖ ತಿರುಗಿಸಿದರೂ ಹಿಂದಿನಿಂದ ನಾಲ್ಕು ಮಾತು ಕಿವಿಗೆ ಬಿದ್ದೇ ಬೀಳುತ್ತವೆ. ಅವರು ಮುಖ ತಿರುಗಿಸಿದರೆ ಎದುರಿನವರ ಮಾತು ಹುಟ್ಟಲೇ ಇಲ್ಲ ಎಂದ ಹಾಗೆ. ಅದು ಎಷ್ಟು ದೊಡ್ಡ ಪೆಟ್ಟು ಎಂದು ಇಬ್ಬರಿಗೂ ಗೊತ್ತಿತ್ತು. ಮದುವೆಯಾಗಿ ಮೂರು ವರ್ಷವಾದರೂ ಇಬ್ಬರಲ್ಲಿ ಯಾರೂ ಆ ಕೆಲಸ ಮಾಡಿರಲಿಲ್ಲ.

ಹೆಂಡತಿ ಬಸುರಿಯಾದಳು. ಸೀಮಂತದ ಕುಬಸ, ಆರತಿ ಮುಗಿದು ಚೊಚ್ಚಲ ಹೆರಿಗೆಗೆ ತವರಿಗೆ ಹೊರಟಳು. ಅವಳ ಅಣ್ಣ ಅವಳಿಗೊಂದು ಫೋನ್ ಕೊಡಿಸಿದ್ದ. ಹೊರಡುವ ದಿನ ಅವಳು ಗಂಡನಿಗೆ, ನೀನೂ ಒಂದು ತಗೋ, ಮುಖ ನೋಡಿಕೊಂಡು ಮಾತಾಡಬಹುದು ಎಂದಳು. ದರ್ಜಿ ನಕ್ಕ. ಕಿವಿ ಕೇಳಿಸದವನ ಕೈಯಲ್ಲಿ ಫೋನ್ ಕಂಡರೆ ಊರೆಲ್ಲ ನಗುತ್ತದೆ ಎಂದ. ಅವಳು ಬಿಡಲಿಲ್ಲ. ಅವನಿಗೆ ರೇಗಿತು. ಅವಳ ಕೈಗಳು ಇನ್ನೂ ಆಡುತ್ತಿರುವಾಗಲೇ ಹೊಲಿಗೆ ಯಂತ್ರದ ಕಡೆ ಮುಖ ತಿರುಗಿಸಿ ಪೆಡಲು ತುಳಿಯತೊಡಗಿದ.

ಒಂದು ತೋಳು ಹೊಲಿದು ಮುಗಿಸಿ ತಿರುಗಿ ನೋಡಿದಾಗ ಅವಳ ಕೈಗಳು ನಿಂತಿದ್ದವು. ಅವಳು ಬಟ್ಟೆ ಕತ್ತರಿಸುವ ಹಲಗೆಯ ಮೂಲೆಯಲ್ಲಿ ಸೀಮೆಸುಣ್ಣದಿಂದ ತನ್ನ ನಂಬರು ಬರೆದಳು. ಆಮೇಲೆ, ನಾನು ಹೇಳುವ ತನಕ ಆ ಕಡೆ ಬರಬೇಡ ಎಂದು ಹೇಳಿ ಹೊರಟುಹೋದಳು.

ಆ ಒಂದು ತೋಳು ಹೊಲಿಯುವಷ್ಟು ಹೊತ್ತು ಅವಳು ಏನು ಹೇಳಿದ್ದಳು? ದರ್ಜಿಗೆ ಅದೇ ತಲೆಯೊಳಗಿನ ಹುಳವಾಯಿತು. ಕತ್ತರಿ ಹಿಡಿದರೆ ಅದೇ, ಉಂಡರೆ ಅದೇ. ಹೋಗಿ ಕೇಳೋಣವೆಂದರೆ ಬರಬೇಡ ಎಂದಿದ್ದಾಳೆ. ಅಕ್ಷರ ಕೂಡಿಸಿ ಓದಬಲ್ಲ, ಕಾಗದ ಬರೆಯಲಾರ, ಬರೆಸೋಣವೆಂದರೆ ಬರೆಯುವವನಿಗೆ ಮನೆಯ ಗುಟ್ಟು ಹೇಳಬೇಕು. ಹಲಗೆಯ ಮೂಲೆಯ ನಂಬರನ್ನು ಮಾತ್ರ ಅವನು ಅಳಿಸಲಿಲ್ಲ. ಆ ಮೂಲೆ ಬಿಟ್ಟು ಉಳಿದ ಹಲಗೆಯ ಮೇಲೆ ಬಟ್ಟೆ ಹಾಸಿ ಕತ್ತರಿಸುತ್ತಿದ್ದ.

ಹದಿನೈದು ದಿನ ಕಳೆಯಿತು. ದರ್ಜಿ ಎದ್ದು ಪೇಟೆಗೆ ಹೋದ. ಸಣ್ಣ ಫೋನು ಅವನಿಗೆ ಹಿಡಿಸಲಿಲ್ಲ. ಸೂಜಿಯ ಕಣ್ಣಿಗೆ ದಾರ ಪೋಣಿಸಿ ಪೋಣಿಸಿ ದಣಿದ ಅವನ ಕಣ್ಣಿಗೆ ಅಷ್ಟು ಚಿಕ್ಕ ಪರದೆಯಲ್ಲಿ ಬೆರಳುಗಳು ಕಾಣುತ್ತಿರಲಿಲ್ಲ. ಅದೂ ಅಲ್ಲದೆ ಕೈಯಲ್ಲಿ ಮಾತಾಡುವವನಿಗೆ ಎರಡೂ ಕೈ ಖಾಲಿ ಇರಬೇಕು. ಹೊಲಿಗೆ ಯಂತ್ರಕ್ಕೆ ಮೋಟರು ಹಾಕಿಸಬೇಕೆಂದಿದ್ದವನು ಅದನ್ನು ಬಿಟ್ಟು ದೊಡ್ಡ ಪರದೆಯ ಟ್ಯಾಬ್ ತಂದ. ಯಂತ್ರದ ಮೇಲೆ ಗೋಡೆಗೆ ಆನಿಸಿ ನಿಲ್ಲಿಸಿದ. ಎಲ್ಲರೂ ಬಳಸುವ ಸಂದೇಶದ ಆ್ಯಪನ್ನೂ ಹಾಕಿಕೊಂಡ. ತೆರೆದರೆ ಅದು ಮೊದಲಿಗೇ, ನಿನ್ನ ನಂಬರ್ ಎಷ್ಟು ಎಂದು ಕೇಳಿತು.

ಅವನಿಗೆ ನಂಬರೇ ಇರಲಿಲ್ಲ. ಟ್ಯಾಬಿನಲ್ಲಿ ಸಿಮ್ ಹಾಕುವ ಜಾಗವೂ ಇರಲಿಲ್ಲ.

ಪಕ್ಕದ ಅಂಗಡಿಯಲ್ಲಿ ಒಬ್ಬ ಬಟ್ಟೆ ವ್ಯಾಪಾರಿ ಇದ್ದ. ಊರಿಗೆಲ್ಲ ಬೇಕಾದವ, ದರ್ಜಿಯ ಮೇಲೆ ಪ್ರೀತಿ ಉಳ್ಳವ. ತನ್ನ ಅಂಗಡಿಯ ವೈಫೈಯನ್ನು ಆಗಲೇ ಕೊಟ್ಟಿದ್ದ. ತುಟಿ ನೋಡಿ ತಿಳಿಯಲೆಂದು ನಿಧಾನವಾಗಿ ಹೇಳಿದ: "ಅದಕ್ಯಾಕ ಅಷ್ಟು ವಿಚಾರ ಮಾಡ್ತಿ? ನನ್ನ ನಂಬರ್ ಐತಿ, ಅದಕ್ಕ ಜೋಡಿಸಿ ಕೊಡ್ತೀನಿ. ಈ ಸೀಮ್ಯಾಗ ನನ್ನ ಫೋನ್ ಎತ್ತದವ್ರು ಯಾರದಾರ?"

ವ್ಯಾಪಾರಿ ತನ್ನ ಫೋನನ್ನು ಟ್ಯಾಬಿನ ಪರದೆಯ ಮೇಲೆ ಮೂಡಿದ ಚುಕ್ಕೆಗಳ ಚೌಕಕ್ಕೆ ಹಿಡಿದ. ಅಷ್ಟೇ, ಟ್ಯಾಬ್ ತೆರೆದುಕೊಂಡಿತು. ದರ್ಜಿ ಹಲಗೆಯ ಮೂಲೆಯ ನಂಬರು ನೋಡಿ ಒತ್ತಿದ. ಎರಡು ನಿಮಿಷವೂ ಆಗಲಿಲ್ಲ, ಆ ಕಡೆ ಎತ್ತಿದರು.

"ಮುಗೀತಲ್ರಿ ಹಂಗಾರ!" ಎಂದ ರಾಚಪ್ಪ. ಚೀಟಿಯನ್ನು ಬೆರಳಿನಿಂದ ಗುರುಗಳ ಕಡೆಗೆ ಇನ್ನಷ್ಟು ಸರಿಸಿದ.

ಗುರುಗಳು ಕೇಳಿಸಿಕೊಳ್ಳದವರ ಹಾಗೆ ಮುಂದುವರಿಸಿದರು.

ಎತ್ತಿದವನು ದರ್ಜಿಯ ಮಾವ. ಮಗಳ ಫೋನಿನಲ್ಲಿ ವ್ಯಾಪಾರಿಯ ಹೆಸರು, ವ್ಯಾಪಾರಿಯ ಫೋಟೋ ಕಂಡು ಗಡಿಬಿಡಿಯಲ್ಲಿ ಟೊಪ್ಪಿಗೆ ಸರಿಮಾಡಿಕೊಂಡು "ನಮಸ್ಕಾರ್ರಿ ಸಾವ್ಕಾರ್ರ" ಎಂದು ಕೈಮುಗಿದಿದ್ದ. ಕಂಡದ್ದು ಅಳಿಯನ ಮುಖ. ಪೆಚ್ಚಾಗಿ ಮಗಳನ್ನು ಕೈಬೀಸಿ ಕರೆದು ಫೋನ್ ಕೊಟ್ಟ.

ಹೆಂಡತಿ ಗಂಡನನ್ನು ನೋಡಿದಳು. ದರ್ಜಿ ಗಲ್ಲದ ಮೇಲೆ ಬೆರಳು ಇಡುವಷ್ಟರಲ್ಲಿ ಅವಳೇ ಕೇಳಿದಳು, ಈ ನಂಬರು ಯಾರದು? ಪಕ್ಕದ ಸಾಹುಕಾರರದು ಎಂದ. ನೀನು ತಗೊಳ್ಳಲಿಲ್ಲವೇ ಎಂದಳು. ಅವರದೇ ಇದೆಯಲ್ಲ ಎಂದ. ನಮ್ಮಿಬ್ಬರ ಮಾತಿನಲ್ಲಿ ಅವರಿಗೇನು ಕೆಲಸ ಎಂದಳು. ದರ್ಜಿ ಉತ್ತರ ಹೇಳಲು ಕೈ ಎತ್ತಿದ. ಅವಳು ಮುಖ ತಿರುಗಿಸಿದಳು.

ಎತ್ತಿದ ಕೈ ಎತ್ತಿದಲ್ಲೇ ಉಳಿಯಿತು. ಆ ಪೆಟ್ಟು ಎಷ್ಟು ದೊಡ್ಡದೆಂದು ತನಗೆ ಗೊತ್ತಿದೆ ಎಂದುಕೊಂಡಿದ್ದ, ಗೊತ್ತಾದದ್ದು ಈಗ. ಪರದೆ ಕಪ್ಪಾದ ಮೇಲೂ ಅವನು ಅದರ ಮುಂದೆ ಕುಳಿತೇ ಇದ್ದ. ಆಮೇಲೆ ಎದ್ದು ಹೋಗಿ ವ್ಯಾಪಾರಿಗೆ ಕೈಮುಗಿದು, ನಿಮ್ಮ ನಂಬರು ತೆಗೆದುಬಿಡಿ ಎಂದು ಸನ್ನೆ ಮಾಡಿದ.

ಮರುದಿನ ಆಧಾರ್ ಕಾರ್ಡು ಹಿಡಿದು ಸಿಮ್ ಅಂಗಡಿಗೆ ಹೋದ. ಹೆಬ್ಬೆಟ್ಟು ಒತ್ತಿ ತನ್ನ ಹೆಸರಿನಲ್ಲಿ ಒಂದು ನಂಬರು ತಂದ. ಅದನ್ನು ಹಾಕಲು ಒಂದು ಹಳೆಯ ಬಟನ್ ಫೋನ್ ಕೊಂಡ. ಅಂಗಡಿಯವನು ಇವನ ಕಿವಿಯನ್ನೂ ಫೋನನ್ನೂ ನೋಡಿ ಮುಸಿಮುಸಿ ನಕ್ಕ. ದರ್ಜಿ ಆ ನಗೆಯನ್ನು ನೋಡಿದ, ಚಿಲ್ಲರೆ ಎಣಿಸಿಕೊಂಡು ಬಂದ. ಊರು ನಗುತ್ತದೆ ಎಂದು ಹೆದರಿದ್ದವನಿಗೆ ನಗೆ ಇಷ್ಟೇ ಎಂದು ತಿಳಿಯಿತು.

ಟ್ಯಾಬಿನಲ್ಲಿ ತನ್ನ ನಂಬರು ಒತ್ತಿದ. ಸ್ವಲ್ಪ ಹೊತ್ತಿಗೆ ಬಟನ್ ಫೋನಿಗೆ ಆರು ಅಂಕಿಗಳು ಬಂದವು. ದರ್ಜಿಗೆ ಅಂಕಿ ಹೊಸದೇ? ದಿನವೆಲ್ಲ ಅವನ ಕೆಲಸ ಅದೇ. ಎದೆಯ ಅಳತೆ, ತೋಳಿನ ಅಳತೆ ಬರೆದಿಟ್ಟುಕೊಂಡ ಹಾಗೆ ಆರೂ ಅಂಕಿಗಳನ್ನು ಹಲಗೆಯ ಮೇಲೆ ಅಚ್ಚುಕಟ್ಟಾಗಿ ಬರೆದಿಟ್ಟ. ಒಂದು ಕುಪ್ಪಸ ಅಂದೇ ಕೊಡಬೇಕಿತ್ತು. ಅದನ್ನು ಮುಗಿಸಿ, ನಾಳೆ ಮಡಿಬಟ್ಟೆ ಉಟ್ಟು ಕೂತು ಒತ್ತೋಣ ಎಂದುಕೊಂಡ. ಬರೆದಿಟ್ಟ ಅಳತೆ ಎಲ್ಲಿಗೆ ಓಡಿಹೋಗುತ್ತದೆ?

ಓಡಿಹೋಗಿತ್ತು. ಮರುದಿನ ಒತ್ತಿದರೆ, ಈ ಅಂಕಿಗಳ ಅವಧಿ ಮುಗಿದಿದೆ ಎಂದಿತು. ಮತ್ತೆ ಕೇಳಿದ. ಈ ಸಲ ಅಂಕಿಗಳು ಬರಲಿಲ್ಲ. ಬೇಕಾದರೆ ಕರೆಮಾಡಿ ಹೇಳುತ್ತೇವೆ ಎಂದಿತು. ಅವಸರದಲ್ಲಿ ಅದನ್ನೂ ಒತ್ತಿದ. ಬಟನ್ ಫೋನ್ ಅಂಗೈಯಲ್ಲಿ ಗಡಗಡ ನಡುಗಿತು. ಹಸಿರು ಗುಂಡಿ ಒತ್ತಿ ಹಿಡಿದ. ಒಳಗೆ ಯಾರೋ ಅಂಕಿಗಳನ್ನು ಹೇಳುತ್ತಿದ್ದಾರೆ, ಹೇಳಿ ಮುಗಿಸುತ್ತಿದ್ದಾರೆ, ತನಗೆ ಮಾತ್ರ ಏನೂ ಇಲ್ಲ. ಬಾಗಿಲಲ್ಲಿ ನಿಂತಿದ್ದ ವ್ಯಾಪಾರಿ "ಕೊಡು ಇಲ್ಲೆ, ನಾ ಕೇಳಿ ಹೇಳ್ತೀನಿ" ಎಂದು ಕೈಚಾಚಿದ. ದರ್ಜಿ ತಲೆಯಾಡಿಸಿದ. ಬಂದರೆ ಕಣ್ಣಿಗೆ ಬರಲಿ, ನಾನೇ ಓದುತ್ತೇನೆ ಎಂದು ಸನ್ನೆ ಮಾಡಿದ. ಇದು ಹಟವೇ? ಅಲ್ಲ ಎಂದು ಕತೆ ಹೇಳುವ ನಾನೂ ಹೇಳುವುದಿಲ್ಲ. ವ್ಯಾಪಾರಿಗೂ ಹಾಗೇ ಅನಿಸಿತು, ಕೈ ಹಿಂದೆಗೆದುಕೊಂಡು ಹೋದ.

ಅಷ್ಟರಲ್ಲಿ ಆ್ಯಪೂ ಮುನಿಸಿಕೊಂಡಿತು. ಪದೇ ಪದೇ ಕೇಳಿದ್ದೀಯ, ಇನ್ನು ಇಷ್ಟು ಗಂಟೆ ಕಾಯಿ ಎಂದಿತು. ದರ್ಜಿ ಕಾದ. ಮತ್ತೆ ಒತ್ತಿದ, ಬರಲಿಲ್ಲ. ಮತ್ತೆ ಕಾದ. ಬಟನ್ ಫೋನನ್ನು ತೊಡೆಯ ಮೇಲಿಟ್ಟುಕೊಂಡೇ ಹೊಲಿಯುತ್ತಿದ್ದ, ನಡುಗಿದರೆ ತಿಳಿಯಲೆಂದು. ಮೂರನೆಯ ದಿನ ಒಂದು ಕಾಲರು ಹೊಲಿಯುವಾಗ ತೊಡೆ ನಡುಗಿತು. ದರ್ಜಿ ಕಾಲರನ್ನು ಸೂಜಿಯಡಿಯಲ್ಲೇ ಬಿಟ್ಟ. ಬರೆದಿಟ್ಟುಕೊಳ್ಳಲಿಲ್ಲ. ಎಡಗೈಯಲ್ಲಿ ಫೋನ್ ಹಿಡಿದು, ಬಲಗೈಯ ಬೆರಳಿನಿಂದ ಆರೂ ಅಂಕಿಗಳನ್ನು ಒಂದೊಂದಾಗಿ ಟ್ಯಾಬಿಗೆ ಒತ್ತಿದ.

ತೆರೆಯಿತು. ನಿನ್ನ ಹೆಸರು ಹಾಕು ಎಂದಿತು, ಹಾಕಿದ. ಫೋಟೋ ಹಾಕು ಎಂದಿತು. ಸ್ವಲ್ಪ ಯೋಚಿಸಿ ತನ್ನದೊಂದು ಫೋಟೋ ತೆಗೆದು ಹಾಕಿದ. ಆಮೇಲೆ ಹಲಗೆಯ ಮೂಲೆಯ ನಂಬರು ಒತ್ತಿದ.

ಆ ಕಡೆ ಫೋನ್ ಮತ್ತೆ ಮಾವನ ಕೈಯಲ್ಲಿತ್ತು. ಗುರುತಿಲ್ಲದ ನಂಬರು. ಅಂಗೈಯಗಲದ ಪರದೆಯಲ್ಲಿ ಉಗುರಿನಷ್ಟು ಫೋಟೋ, ಮುಖ ಸರಿಯಾಗಿ ಕಾಣದು, ಗಲ್ಲಕ್ಕೆ ಬೆರಳು ಒತ್ತಿಕೊಂಡಿರುವುದು ಮಾತ್ರ ಕಾಣುತ್ತಿತ್ತು. "ಯಾರೋ ಹಲ್ಲುಬ್ಯಾನಿ ಮನಶ್ಯಾ ಅದಾನ" ಎಂದು ಗೊಣಗಿ ಕೆಳಗಿಡಲು ಹೋದ. ಪರದೆ ಕಂಡ ಮಗಳು ಓಡಿ ಬಂದು ಅವನ ಕೈಯಿಂದ ಫೋನ್ ಕಿತ್ತುಕೊಂಡಳು. ತಂದೆಗೆ ಹಲ್ಲುನೋವಿನವನಾಗಿ ಕಂಡವನು ಅವಳನ್ನು ಹೆಸರು ಹಿಡಿದು ಕರೆಯುತ್ತಿದ್ದ.

ದರ್ಜಿ ಏನೇನೋ ಹೇಳಬೇಕೆಂದಿದ್ದ. ಒಂದನ್ನೂ ಹೇಳಲಿಲ್ಲ. ಅಂದು ನಾನು ಮುಖ ತಿರುಗಿಸಿದಾಗ ನೀನು ಏನು ಹೇಳಿದೆ, ಈಗ ಹೇಳು, ನೋಡುತ್ತೇನೆ ಎಂದ. ಆಮೇಲೆ ಎರಡೂ ಕೈಗಳನ್ನು ತೊಡೆಯ ಮೇಲೆ ಇಟ್ಟುಕೊಂಡು ಕುಳಿತ.

ಅವಳು ಫೋನನ್ನು ಗೋಡೆಯ ಗೂಡಿನಲ್ಲಿ ನಿಲ್ಲಿಸಿದಳು. ಅವಳ ಕೈಗಳು ಎರಡು ಸಲ ಎದ್ದು ಎರಡು ಸಲ ನಿಂತವು. ಮೂರನೆಯ ಸಲ ಹೇಳಿದಳು. ಹೆರಿಗೆಯೆಂದರೆ ನನಗೆ ಭಯ, ನೋವು ಬಂದಾಗ ಕೂಗಿದರೆ ನನ್ನ ಮಾತು ಅಲ್ಲಿ ಯಾರಿಗೆ ತಿಳಿಯುತ್ತದೆ, ನೀನು ಎದುರಿಗೆ ಇರಬೇಕು ಎಂದಿದ್ದೆ.

ಫೋನಿನ ಮಾತೇ ಆಗಿರಲಿಲ್ಲ ಅದು. ದರ್ಜಿಯ ಕಣ್ಣು ತುಂಬಿ ಬಂತು. ಒರೆಸಿಕೊಳ್ಳಲು ಕೈ ಎತ್ತಲಿಲ್ಲ, ಕಣ್ಣು ಮುಚ್ಚಲಿಲ್ಲ, ಅವಳ ಒಂದು ಬೆರಳೂ ತಪ್ಪಿಹೋಗಬಾರದೆಂದು ಹಾಗೇ ನೋಡಿದ. ಅವಳು ಅದನ್ನೇ ಇನ್ನೊಮ್ಮೆ ಹೇಳಿದಳು, ಜಗಳವಾಡಿದಳು, ಅತ್ತಳು. ಎಲ್ಲ ಮುಗಿದ ಮೇಲೆ, ಬಾ ಎಂದಳು. ಕಾಲರು ಸೂಜಿಯಡಿಯಲ್ಲೇ ಇತ್ತು. ದರ್ಜಿ ಅಂಗಡಿಗೆ ಬೀಗ ಹಾಕಿ ಬಸ್ಸಿಗೆ ಹೋದ.

ಕತೆ ನಿಂತಿತು. ರಾಚಪ್ಪನಿಗೆ ಇನ್ನೂ ಒಂದು ಆಸೆ ಉಳಿದಿತ್ತು.

"ನೀವು ಕರದ್ರ ಆಕಿ ಎತ್ತೂದಿಲ್ಲಂತೀರೇನ್ರಿ ಅಜ್ಜಾರ?"

ಗುರುಗಳು ಚೀಟಿಯನ್ನು ತೆಗೆದುಕೊಂಡು ಅವನ ಅಂಗೈಯಲ್ಲಿಟ್ಟರು.

"ಎತ್ತತಾಳಪಾ, ಆದ್ರ ಆಕಿಗೆ ಕಾಣೂದು ನನ್ನ ಮುಖ."

ರಾಚಪ್ಪ ಚೀಟಿಯ ಮೇಲಿನ ನಂಬರು ನೋಡುತ್ತ ತನ್ನ ಫೋನ್ ತೆಗೆದ.