ಎಂಟರ ಮೇಲೊಂದು ಉಸಿರು

"ಗುರುಗಳೇ, ಬೇರೆ ದಾರಿಗೆ ಹೋಗಿ ಸೋತು ಬಂದವರಿಗೆ ಆ ಕಾಲವೆಲ್ಲ ವ್ಯರ್ಥವೇ?" ಎಂದು ಶಿಷ್ಯೆ ಕೇಳಿದಳು.

ಅವಳು ವೀಣೆ ಬಿಟ್ಟು ಚಿತ್ರಕಲೆ ಕಲಿಯಲು ಹೋಗಿದ್ದವಳು. ಅದು ಕೈಹಿಡಿಯಲಿಲ್ಲ. ಎರಡು ವರ್ಷ ಏಳು ತಿಂಗಳ ಮೇಲೆ ತಿರುಗಿ ಬಂದಿದ್ದಳು. ಬೆರಳ ತುದಿಯ ಜಡ್ಡು ಕರಗಿಹೋಗಿತ್ತು. ಜೊತೆಗೆ ಕಲಿತವರು ಆಗಲೇ ಕಚೇರಿ ಕೊಡುತ್ತಿದ್ದರು. ಹೌದು, ವ್ಯರ್ಥ ಎಂದು ಗುರುಗಳು ಹೇಳಿಬಿಟ್ಟರೆ ವೀಣೆಯನ್ನು ಇನ್ನು ಮುಟ್ಟಬಾರದು ಎಂದುಕೊಂಡೇ ಬಂದಿದ್ದಳು.

ಗುರುಗಳು ಚಾಪೆ ತೋರಿಸಿದರು. ಅವಳು ಕೂತ ಮೇಲೆ ಹೇಳತೊಡಗಿದರು.

ಒಂದು ನಗರದಲ್ಲಿ ಒಬ್ಬ ಬ್ಯಾಲೆ ನರ್ತಕಿ ಇದ್ದಳು. ಆ ನೃತ್ಯ ನಮ್ಮ ಕಡೆಯದಲ್ಲ. ಅದರಲ್ಲಿ ಕಾಲ್ಬೆರಳ ತುದಿಯ ಮೇಲೆ ನಿಲ್ಲುತ್ತಾರೆ. ಓಡಿಬಂದು ಹಾರಿದರೆ ಜೊತೆಗಾರ ಗಾಳಿಯಲ್ಲೇ ಹಿಡಿದುಕೊಳ್ಳುತ್ತಾನೆ. ಒಂದೂ ಮಾತಿಲ್ಲ, ಒಂದರಿಂದ ಎಂಟರವರೆಗಿನ ಎಣಿಕೆಯೇ ಎಲ್ಲ. ಅವಳ ಎಣಿಕೆ ಎಂದೂ ತಪ್ಪುತ್ತಿರಲಿಲ್ಲ. ಹಾಲು ಉಕ್ಕುವುದು ಯಾವ ಎಂಟಕ್ಕೆ ಎಂದು ಇವಳನ್ನು ಕೇಳಿದರೆ ಸಾಕು, ಒಲೆಯ ಮುಂದೆ ನಿಲ್ಲಬೇಕಾಗಿಲ್ಲ ಎಂದು ತಂಡದವರು ಆಡಿಕೊಳ್ಳುತ್ತಿದ್ದರು.

ಒಂದು ಪ್ರದರ್ಶನದಲ್ಲಿ ಅವಳು ಎಂದಿನಂತೆ ಎಂಟಕ್ಕೆ ಹಾರಿದಳು. ಜೊತೆಗಾರನ ಕಾಲು ಅಂದು ಜಾರಿತು. ಅವನು ಒಂದು ಉಸಿರಿನಷ್ಟು ತಡವಾದ. ಅವಳು ನೆಲಕ್ಕೆ ಬಿದ್ದಳು. ಎತ್ತಲು ಬಗ್ಗಿದವನಿಗೆ, ನನ್ನ ಎಣಿಕೆ ಸರಿಯಾಗಿತ್ತು ಎಂದಳು. ಅವನು ಅಂದಿನಿಂದ ಯಾರನ್ನೂ ಹಿಡಿಯಲು ಮುಂದೆ ಬರಲಿಲ್ಲ. ಹಿಂದಿನ ಸಾಲಿಗೆ ಸರಿದುಬಿಟ್ಟ.

ಅವಳ ಕಾಲಿನ ಕೀಲಿಗೆ ಪೆಟ್ಟಾಗಿತ್ತು. ಒಂದು ವರ್ಷ ಹಾರಬಾರದು ಎಂದರು ವೈದ್ಯರು. ಸುಮ್ಮನೆ ಕೂತವಳನ್ನು ನೋಡಿ ಒಂದು ನಾಟಕ ಮಂಡಳಿಯವರು ಕರೆದರು. ಸಾಯುತ್ತಿರುವ ತಂದೆಯ ಹಾಸಿಗೆಯ ಪಕ್ಕದಲ್ಲಿ ಕೂರುವ ಮಗಳ ಪಾತ್ರ. ಕೂತೇ ಮಾಡುವುದಲ್ಲವೇ ಎಂದು ಒಪ್ಪಿದಳು.

ಅವಳಿಗೆ ಗೊತ್ತಿದ್ದದ್ದು ಒಂದೇ ದಾರಿ. ತಂದೆಯ ಕೊನೆಯ ಮಾತಿಗೆ ಮೂರು ಎಂಟು, ಸಾವಿಗೆ ಒಂದು ಎಂಟು, ಆಮೇಲೆ ತನ್ನ ಅಳು ಎಂದು ಲೆಕ್ಕ ಹಾಕಿಕೊಂಡಳು. ನಾಲ್ಕು ಪ್ರದರ್ಶನ ಸರಿಯಾಗಿಯೇ ನಡೆಯಿತು. ಐದನೆಯ ದಿನ, ತಂದೆಯ ಪಾತ್ರದ ಮುದುಕ ನಟ ಯಾಕೋ ನಿಧಾನಿಸಿದ. ಅವಳ ಎಣಿಕೆ ಮುಗಿಯಿತು. ಅವಳು ಅತ್ತಳು. ಮುದುಕ ಇನ್ನೂ ಕಣ್ಣು ಬಿಟ್ಟುಕೊಂಡು ಮಾತಾಡುತ್ತಲೇ ಇದ್ದ. ಜನ ಬಿದ್ದು ಬಿದ್ದು ನಕ್ಕರು.

ಪರದೆಯ ಹಿಂದೆ ಅವಳು ಮುಖ ಮುಚ್ಚಿ ಕೂತಿದ್ದಳು. ಮುದುಕ ಬಂದು ಪಕ್ಕದಲ್ಲಿ ಕೂತ.

"ಸಾಯುವ ಮೊದಲೇ ಅತ್ತುಬಿಟ್ಟೆಯಲ್ಲ ತಾಯಿ. ಇವತ್ತು ಯಾಕೋ ಇನ್ನೆರಡು ಉಸಿರು ಬದುಕೋಣ ಅನ್ನಿಸಿತ್ತು ನನಗೆ."

ಅವಳಿಗೆ ನಗು ಬಂತು, ಅಳುವೂ ಬಂತು. ಹಾಗಾದರೆ ಯಾವಾಗ ಅಳಬೇಕು ಎಂದು ಕೇಳಿದಳು. ನನ್ನನ್ನು ಕೇಳಿಸಿಕೊಂಡು ಕೂತಿರು, ಆಗ ಗೊತ್ತಾಗುತ್ತದೆ ಎಂದ ಮುದುಕ. ಎಣಿಸದೆ ಕೂರುವುದು ಅವಳಿಗೆ ಕಣ್ಣು ಕಟ್ಟಿಕೊಂಡು ಮೆಟ್ಟಿಲು ಇಳಿದ ಹಾಗಿತ್ತು. ಬಹಳ ದಿನ ಹಿಡಿಯಿತು. ಆಮೇಲಾಮೇಲೆ ಮುದುಕನ ಉಸಿರು ಏರಿಳಿಯುವುದಷ್ಟೇ ಕೇಳತೊಡಗಿತು.

ಆ ನಾಟಕ ಸಿನಿಮಾ ಆಯಿತು. ಅವಳನ್ನೂ ಕರೆದರು. ದನಿ ಸ್ವಲ್ಪ ಒರಟು ಎಂದು ಅವಳ ಪಾತ್ರಕ್ಕೆ ಬೇರೊಬ್ಬರ ದನಿ ಕೊಡಿಸಿದರು. ಉದ್ದವಾಯಿತು ಎಂದು ಅವಳ ದೃಶ್ಯಗಳನ್ನೂ ಕತ್ತರಿಸಿದರು. ಕೊನೆಗೆ ಉಳಿದದ್ದು, ತಂದೆಯ ಮಾತನ್ನು ಕೇಳಿಸಿಕೊಳ್ಳುವ ಅವಳ ಮುಖ ಮಾತ್ರ. ಸಿನಿಮಾ ಎರಡು ವಾರ ಓಡಿತು. ಮತ್ತೆ ಯಾರೂ ಕರೆಯಲಿಲ್ಲ.

ಶಿಷ್ಯೆ ತಡೆಯಲಾರದೆ, ಅಂದರೆ ಅಲ್ಲಿಯೂ ಸೋತಳು ಎಂದಳು. ಗುರುಗಳು ತಲೆಯಾಡಿಸಿ ಮುಂದುವರಿಸಿದರು.

ಕಾಲು ವಾಸಿಯಾಗಿತ್ತು. ಅವಳು ತಂಡಕ್ಕೆ ಮರಳಿದಳು. ಸಿನಿಮಾದವರು ಬಂದರು, ಕುರ್ಚಿ ಹಾಕಿ ಎಂದು ಕಿರಿಯರು ರೇಗಿಸಿದರು. ಅವಳನ್ನು ಹಿಂದಿನ ಸಾಲಿನಲ್ಲಿ ನಿಲ್ಲಿಸಿದರು. ಅಲ್ಲಿ ಪಕ್ಕದಲ್ಲಿದ್ದವನು ಆ ಹಳೆಯ ಜೊತೆಗಾರ. ಅವಳು ದಿನವೂ ಅವನ ಪಕ್ಕದಲ್ಲಿ ನಿಂತಳು. ಓಡಿಬರುವ ಹೆಜ್ಜೆ ಕೇಳಿದರೆ ಸಾಕು, ಅವನು ಉಸಿರು ಬಿಗಿಹಿಡಿಯುತ್ತಿದ್ದ. ಅದು ಮೊದಲೂ ಹಾಗೆಯೇ ಇತ್ತೋ ಏನೋ, ಅವಳಿಗೆ ಆಗ ಕೇಳಿಸಿರಲಿಲ್ಲ.

ಒಂದು ದಿನ ಅವಳು, ಆ ಹಾರುವಿಕೆಯನ್ನು ಮತ್ತೆ ಮಾಡೋಣ ಎಂದಳು. ಅವನು ತನ್ನ ಅಂಗೈ ನೋಡಿಕೊಂಡ.

"ನಾನು ಮತ್ತೆ ತಡವಾದರೆ?"

"ತಡವಾಗು. ನಾನು ನಿಂತಿರುತ್ತೇನೆ."

ತಿಂಗಳುಗಟ್ಟಲೆ ಅಭ್ಯಾಸ ಮಾಡಿ ತಂಡದವರನ್ನು ಒಪ್ಪಿಸಿದರು. ಪ್ರದರ್ಶನದ ದಿನ ಬಂತು. ಹಾರಬೇಕಾದ ಜಾಗಕ್ಕೆ ಬಂದಾಗ ಅವನು ಉಸಿರು ಬಿಗಿಹಿಡಿದದ್ದು ಅವಳಿಗೆ ಕೇಳಿಸಿತು. ಏಳಾಯಿತು, ಎಂಟಾಯಿತು. ಅವಳು ಹಾರಲಿಲ್ಲ. ಸಂಗೀತ ಅವಳನ್ನು ಬಿಟ್ಟು ಮುಂದೆ ಹೋಯಿತು. ಅವಳು ಕಾಲ್ಬೆರಳ ತುದಿಯ ಮೇಲೆ ಹಾಗೆಯೇ ನಿಂತಿದ್ದಳು. ಬಿಗಿಹಿಡಿದಿದ್ದ ಉಸಿರನ್ನು ಅವನು ಬಿಟ್ಟ. ಆ ಸದ್ದಿಗೆ ಅವಳು ಹಾರಿದಳು. ಅವನು ಹಿಡಿದ.

ಎಣಿಕೆ ತಪ್ಪಿತಲ್ಲ ಎಂದು ತಂಡದ ಯಜಮಾನ ಗದರಿದ. ಹೌದು, ತಪ್ಪಿತು ಎಂದು ಅವಳು ಒಪ್ಪಿಕೊಂಡಳು. ಮರುದಿನದಿಂದ ಜೊತೆಗಾರ ಮುಂದಿನ ಸಾಲಿಗೆ ಬಂದ.

ಗುರುಗಳು ಕತೆ ನಿಲ್ಲಿಸಿ ಎದ್ದರು. ಮೂಲೆಯಲ್ಲಿ ಬಟ್ಟೆ ಹೊದಿಸಿಟ್ಟಿದ್ದ ವೀಣೆಯನ್ನು ತಂದು ಶಿಷ್ಯೆಯ ಮುಂದೆ ಇಟ್ಟರು. ಅವಳು ಬಿಟ್ಟುಹೋಗಿದ್ದ ವೀಣೆಯೇ ಅದು. ಹೆದರುತ್ತಲೇ ಒಂದು ತಂತಿ ಮೀಟಿದಳು, ಇನ್ನೊಂದನ್ನು ಮೀಟಿದಳು. ಶ್ರುತಿ ಸರಿಯಾಗಿತ್ತು. ಕೈ ಮುಟ್ಟದೆ ಬಿಟ್ಟ ವೀಣೆಯ ಶ್ರುತಿ ತಿಂಗಳಲ್ಲೇ ಇಳಿಯುತ್ತದೆ ಎಂದು ಅವಳಿಗೆ ಗೊತ್ತಿತ್ತು.

"ಎರಡು ವರ್ಷ ಏಳು ತಿಂಗಳು, ಗುರುಗಳೇ," ಎಂದಳು.

"ಎಣಿಸಿದವಳು ನೀನು, ಮಗೂ, ನಾನು ಕಾಯುತ್ತಿದ್ದೆ," ಎಂದರು ಗುರುಗಳು.