ಮುತ್ತಜ್ಜನ ಹನ್ನೆರಡು ಕಂಬಗಳು

ಆಯುಧಪೂಜೆಯ ಮುನ್ನಾದಿನ ನಡೆದ ಈ ಸಂಗತಿಯನ್ನು ನಾನು ಊರು ತೋರಿಸುವ ಮಾರ್ಗದರ್ಶಿಯೊಬ್ಬನ ಬಾಯಿಂದಲೇ ಕೇಳಿದೆನು.

ಭಾವೀ ಬೀಗರಿಗೆ ಬೆಂಗಳೂರಿನ ಹಳೆಯ ಪೇಟೆಯನ್ನು ತೋರಿಸಲೆಂದು ಸಂಪಂಗಪ್ಪನೆಂಬ ಧನಿಕನು ಅವನನ್ನು ಗೊತ್ತುಮಾಡಿದ್ದನು. ದಾರಿಯಲ್ಲಿ ಪಕ್ಕಕ್ಕೆ ಕರೆದು ಗದರಿದನು: “ಯಾವುದಾದರೂ ದೊಡ್ಡ ತೊಟ್ಟಿಮನೆ ತೋರಿಸಿ, ನಮ್ಮ ಮುತ್ತಜ್ಜ ಕಟ್ಟಿಸಿದ್ದು ಅನ್ನು. ಇಲ್ಲದಿದ್ದರೆ ನಿಮ್ಮ ಯಜಮಾನರಿಗೆ ಹೇಳಿ ನಿನ್ನ ಕೆಲಸ ಕಳೀತೀನಿ, ತಿಳೀತೇನಯ್ಯಾ?”

“ಅಪ್ಪಣೆ, ಬುದ್ಧಿ.”

ಅವನು ಎಲ್ಲರನ್ನೂ ಹನ್ನೆರಡು ಮರದ ಕಂಬಗಳ ಮನೆಯೊಂದಕ್ಕೆ ಕರೆದೊಯ್ದು, ಅಲ್ಲಿ ಬಾಡಿಗೆಗಿದ್ದ ಮುದುಕಿಗೆ ಗಟ್ಟಿಯಾಗಿ ಹೇಳಿದನು: “ಅಮ್ಮಾ, ಈ ಮನೆ ಕಟ್ಟಿಸಿದವರ ಮರಿಮಗ ಬಂದಿದ್ದಾರೆ!”

“ಬನ್ನಿ ಸ್ವಾಮಿ! ಹಬ್ಬಕ್ಕೆ ಕಂಬಗಳಿಗೆ ಎಣ್ಣೆ ಹಚ್ಚೋದು ಕಟ್ಟಿಸಿದೋರ ವಂಶದ ಪದ್ಧತಿ. ನಲವತ್ತು ವರ್ಷದಿಂದ ನಿಮ್ಮ ಬದಲು ನಾನು ಹಚ್ತಾ ಇದೀನಿ” ಎಂದು ಮುದುಕಿ ಹರಳೆಣ್ಣೆಯ ಬಟ್ಟಲನ್ನು ಸಂಪಂಗಪ್ಪನ ಕೈಗಿತ್ತಳು.

ಬೀಗರು ಭಕ್ತಿಯಿಂದ ನೋಡುತ್ತ ನಿಂತರು. ಮೂರು ಕಂಬ ಉಜ್ಜುವಷ್ಟರಲ್ಲಿ ಆ ಮಹಾಶಯನ ರೇಷ್ಮೆ ಜುಬ್ಬಾ ಮೊಣಕೈವರೆಗೆ ಎಣ್ಣೆ ಕುಡಿದಿತ್ತು. ನಾಲ್ಕನೆಯದರ ಬಳಿ ಅವನು ಅರಚಿದನು: “ನಮ್ಮ ಮುತ್ತಜ್ಜ ಇಷ್ಟೊಂದು ಕಂಬ ಯಾಕೆ ನಿಲ್ಲಿಸ್ತಾನೆ? ಇದು ಅವನದಲ್ಲ!”

“ಹಾಗಾದರೆ ಮುಂದಿನ ಬೀದಿಯದಿರಬೇಕು, ಬುದ್ಧಿ. ಅದಕ್ಕೆ ಇಪ್ಪತ್ತು ಕಂಬ.”

ಬೀಗರು ಮುಸಿಮುಸಿ ನಕ್ಕರು. ಹೇಳೆಂದುದನ್ನೇ ಹೇಳಿದ ಮಾರ್ಗದರ್ಶಿಯ ಕೆಲಸ ಉಳಿಯಿತು. ಅಂದಿನಿಂದ ಸಂಪಂಗಪ್ಪನ ಮುತ್ತಜ್ಜನು ಕಲ್ಲುಕಟ್ಟಡಗಳನ್ನು ಮಾತ್ರ ಕಟ್ಟಿಸತೊಡಗಿದನು.