ಬೋರ್ಡು ಇಳಿಸಿದ ಹಗ್ಗ

ಚಾರಣದ ಸಾಮಾನು ಮಾರುವ ಆ ಅಂಗಡಿಗೆ ಒಂದು ಕಾಲಕ್ಕೆ ಊರೂರಲ್ಲೂ ಶಾಖೆಗಳಿದ್ದವು. ಬರಬರುತ್ತಾ ಅಲ್ಲಿ ಬಣ್ಣದ ಟೀ ಶರ್ಟುಗಳೇ ತುಂಬಿಕೊಂಡು, ಬೆಟ್ಟ ಹತ್ತುವ ಹಗ್ಗ ಮೂಲೆ ಸೇರಿತು. ಕೊನೆಯ ಶಾಖೆಯನ್ನೂ ಮುಚ್ಚಿದ ದಿನ, ಮಾಲೀಕ ಬೋಪಯ್ಯನವರು ಅದೇ ಹಗ್ಗ ಬಿಗಿದು ಅಂಗಡಿಯ ಬೋರ್ಡನ್ನು ಕೆಳಗಿಳಿಸತೊಡಗಿದರು.

ಬೋರ್ಡು ನಡುಗಿತು. “ನಿನ್ನನ್ನು ಮೂಲೆಗೆ ತಳ್ಳಿದಾಗ ನಾನು ಮೇಲೆ ಮಿನುಗುತ್ತಾ ಸುಮ್ಮನಿದ್ದೆ. ಆ ಸಿಟ್ಟಿಗೆ ಈಗ ನನಗೆ ಕೈಕೊಡುತ್ತೀಯಾ?”

“ಮಾರಾಟಕ್ಕಿಡುವ ಮೊದಲು ಬೋಪಯ್ಯನವರು ತಾವೇ ಜೋತುಬಿದ್ದು ನನ್ನನ್ನು ಪರೀಕ್ಷಿಸಿದ್ದರು,” ಎಂದಿತು ಹಗ್ಗ. “ಕೈಕೊಡುವ ಹಗ್ಗವನ್ನು ನೀನು ಹೆಸರು ಹೊತ್ತ ಈ ಅಂಗಡಿ ಎಂದೂ ಮಾರಿದ್ದಿಲ್ಲ. ಇವತ್ತೂ ಆ ಮಾತು ಸುಳ್ಳಾಗಲು ಬಿಡೆನು.”

ಬೋರ್ಡಿನ ನಡುಕ ನಿಂತಿತು. ಅದು ತಲೆಯೆತ್ತಿಕೊಂಡೇ ನೆಲ ಮುಟ್ಟಿತು.